ಅಳತೆ ಮೊದಲು, ದೋಣಿ ಆಮೇಲೆ

ಯಲಹಂಕ, ಹೆಬ್ಬಾಳ, ಯಶವಂತಪುರ, ಆರ್.ಟಿ. ನಗರದ ಅಪಾರ್ಟ್‌ಮೆಂಟ್ ಮಾಲೀಕರ ಮತ್ತು ನಿವಾಸಿಗಳ ಸಂಘಗಳಿಗೆ ಬಹಿರಂಗ ಪತ್ರ



ಒಬ್ಬರಿಂದ ಮೂವರವರೆಗೆ ಏರಿ ನಡೆಸುವ ಜಲವಾಹನಗಳಲ್ಲಿ ಎಂಜಿನ್ ಇರುವವು, ಹುಟ್ಟು ಹಾಕಿ ನಡೆಸುವವು ಎಂದು ಎರಡು ಬಗೆ. ಎಂಜಿನ್ ಇರುವುದು ಜೆಟ್‌ಸ್ಕೀ. ಐಎಸ್‌ಒ 13590 ಎಂಬ ಅಂತರರಾಷ್ಟ್ರೀಯ ಮಾನದಂಡದ ಪ್ರಕಾರ ಅದರ ಉದ್ದ ನಾಲ್ಕು ಮೀಟರಿಗಿಂತ ಕಡಿಮೆ ಇರಬೇಕು, ಎಂಜಿನ್ ನೀರನ್ನು ಹಿಂದಕ್ಕೆ ಚಿಮ್ಮಿಸುವ ಪಂಪನ್ನು ತಿರುಗಿಸಬೇಕು, ಸವಾರ ದೋಣಿಯೊಳಗೆ ಕೂರದೆ ಅದರ ಮೇಲೆ ಕೂತೋ ನಿಂತೋ ಮಂಡಿಯೂರಿಯೋ ಓಡಿಸುವಂತಿರಬೇಕು. ಹುಟ್ಟಿನ ಬಗೆಯಲ್ಲಿ ಕಯಾಕ್, ನಿಂತು ನಡೆಸುವ ಪ್ಯಾಡಲ್ ಬೋರ್ಡ್, ಗಾಳಿ ತುಂಬುವ ದೋಣಿ, ಇವುಗಳ ಜೊತೆಗೆ ಈ ನಾಡಿನದೇ ಆದ ಹರಗೋಲು ಸೇರುತ್ತವೆ. ಕೊಳ್ಳುವವರು ಸಾಮಾನ್ಯವಾಗಿ ಕೇಳುವುದು ಬೆಲೆ, ವೇಗ, ಬಣ್ಣ. ಉತ್ತರ ಬೆಂಗಳೂರಿನಲ್ಲಿ ಅದಕ್ಕೂ ಮೊದಲು ಕೇಳಬೇಕಾದದ್ದು ಉದ್ದ, ಅಗಲ, ಎತ್ತರ, ತೂಕ. ಇಲ್ಲಿನ ಜಲವಾಹನ ವರ್ಷದ ಬಹುಪಾಲು ನೀರಿನಲ್ಲಿ ಇರುವುದಿಲ್ಲ; ಬೇಸ್‌ಮೆಂಟಿನಲ್ಲೋ ಬಾಲ್ಕನಿಯಲ್ಲೋ ಟೆರೇಸಿನಲ್ಲೋ ಇರುತ್ತದೆ. ಆ ಜಾಗದ ಯಜಮಾನಿಕೆ ಸಂಘಗಳ ಕೈಯಲ್ಲಿರುವುದರಿಂದ ಪತ್ರವೂ ಸಂಘಗಳಿಗೇ.

ಕೆರೆಗಳಿಗೇನೂ ಇಲ್ಲಿ ಬರವಿಲ್ಲ. ಹೆಬ್ಬಾಳ, ನಾಗವಾರ, ರಾಚೇನಹಳ್ಳಿ, ಜಕ್ಕೂರು, ಅಳ್ಳಾಳಸಂದ್ರ, ಯಲಹಂಕ, ಪುಟ್ಟೇನಹಳ್ಳಿ ಎಂದು ಸಾಲುಸಾಲಾಗಿ ಇವೆ. ಆದರೆ ಇವು ಖಾಸಗಿ ದೋಣಿಗಳ ಕೆರೆಗಳಲ್ಲ. ಪುಟ್ಟೇನಹಳ್ಳಿ ಕೆರೆ 2015ರಿಂದ ಪಕ್ಷಿ ಸಂರಕ್ಷಣಾ ಮೀಸಲು ಪ್ರದೇಶ. ಹೆಬ್ಬಾಳ ಮತ್ತು ನಾಗವಾರ ಕೆರೆಗಳನ್ನು ಕೆರೆ ಅಭಿವೃದ್ಧಿ ಪ್ರಾಧಿಕಾರ ಖಾಸಗಿಯವರಿಗೆ ಗುತ್ತಿಗೆ ಕೊಟ್ಟಾಗ ದೋಣಿವಿಹಾರ, ಹಕ್ಕಿಗಳ ನೆಲೆ, ಸಾರ್ವಜನಿಕರ ಹಕ್ಕು ಎಲ್ಲವೂ ಒಟ್ಟಿಗೆ ವಿವಾದವಾಗಿ, ಎನ್ವಿರಾನ್‌ಮೆಂಟ್ ಸಪೋರ್ಟ್ ಗ್ರೂಪ್ 2008ರಲ್ಲಿ ಹೈಕೋರ್ಟ್ ಮೆಟ್ಟಿಲೇರಿತು. ಅಷ್ಟೆಲ್ಲ ನಡೆದ ನೀರಿಗೆ ಸ್ವಂತ ಜೆಟ್‌ಸ್ಕೀ ಇಳಿಸುವ ಆಸೆಯನ್ನು ಬಿಡುವುದೇ ಲೇಸು. ಹಾಗಾಗಿ ಇಲ್ಲಿನ ದೋಣಿಗೆ ನೀರು ಎಂದರೆ ಮಲ್ಪೆ, ಪಣಂಬೂರು, ಮುರುಡೇಶ್ವರದ ಕಡಲು, ಮೂಲ್ಕಿಯ ಶಾಂಭವಿ ಹೊಳೆ, ಶರಾವತಿ ಹಿನ್ನೀರಿನ ಹೊನ್ನೇಮರಡು, ದಾಂಡೇಲಿಯ ಕಾಳಿ. ಹತ್ತಿರದ್ದೆಂದರೂ ಮುನ್ನೂರು ಕಿಲೋಮೀಟರ್ ದಾಟಬೇಕು. ಕರಾವಳಿಯಲ್ಲಿ ಮಳೆಗಾಲದ ತಿಂಗಳುಗಳಲ್ಲಿ ಜಲಕ್ರೀಡೆ ನಿಲ್ಲುತ್ತದೆ. ಉಳಿದ ತಿಂಗಳಲ್ಲೂ ಸಿಗುವುದು ವಾರಾಂತ್ಯ ಮಾತ್ರ. ಇಡುವ ದಿನ ಹೆಚ್ಚು, ಓಡಿಸುವ ದಿನ ಕಡಿಮೆ ಎಂಬ ಈ ಲೆಕ್ಕವನ್ನು ಮುಂದಿಟ್ಟುಕೊಂಡು ಒಂದೊಂದೇ ಅಳತೆಯನ್ನು ನೋಡಬೇಕು.

ಜೆಟ್‌ಸ್ಕೀಗಳಲ್ಲಿ ಅತಿ ಚಿಕ್ಕವು ನಿಂತು ಓಡಿಸುವವು. ಯಮಹಾದ ಸೂಪರ್‌ಜೆಟ್ 2.43 ಮೀಟರ್ ಉದ್ದ, 76 ಸೆಂಟಿಮೀಟರ್ ಅಗಲ, ತೂಕ ಸುಮಾರು 170 ಕಿಲೋ. ಕೂತು ಓಡಿಸುವವುಗಳಲ್ಲಿ ಹಗುರವೆನಿಸಿಕೊಂಡ ಸೀ-ಡೂ ಸ್ಪಾರ್ಕ್ ಇಬ್ಬರದ್ದಾದರೆ 2.8 ಮೀಟರಿನ ಆಸುಪಾಸು, ಮೂವರದ್ದಾದರೆ ಸುಮಾರು 3.05 ಮೀಟರ್, ಅಗಲ 1.18 ಮೀಟರ್, ತೂಕ ಇನ್ನೂರು ಕಿಲೋದ ಆಚೀಚೆ. ಮಧ್ಯಮ ವರ್ಗದ ಯಮಹಾ ವಿಎಕ್ಸ್ 3.35 ಮೀಟರ್ ಉದ್ದ, 1.22 ಮೀಟರ್ ಅಗಲ. ಅದೇ ಕಂಪನಿಯ ದೊಡ್ಡದಾದ ಎಫ್‌ಎಕ್ಸ್ 3.58 ಮೀಟರ್ ಉದ್ದ, 1.27 ಮೀಟರ್ ಅಗಲ, ಎತ್ತರ 1.23 ಮೀಟರ್, ತೂಕ ಮಾದರಿಗೆ ತಕ್ಕಂತೆ 350 ಕಿಲೋ ಮೀರುತ್ತದೆ. ಚಿಕ್ಕದಕ್ಕೂ ದೊಡ್ಡದಕ್ಕೂ ಉದ್ದದಲ್ಲಿ ಒಂದು ಮೀಟರಿನಷ್ಟು ವ್ಯತ್ಯಾಸವಿದ್ದರೆ ತೂಕ ಎರಡು ಪಟ್ಟು. ಕೊಳ್ಳುವವರು ಉದ್ದವನ್ನಾದರೂ ಗಮನಿಸುತ್ತಾರೆ. ತೂಕದ ಮಾತು ನೆನಪಾಗುವುದು ಮನೆಗೆ ತಂದಮೇಲೆ.

ನೀರಿನ ಮೇಲೆ ಈ ವ್ಯತ್ಯಾಸ ಹೀಗೆ ಕಾಣುತ್ತದೆ. ಚಿಕ್ಕದು ಚಟಕ್ಕನೆ ತಿರುಗುತ್ತದೆ, ಅಲೆಯ ನೆತ್ತಿಯಿಂದ ಹಾರುತ್ತದೆ, ಸವಾರನನ್ನು ತೋಯಿಸಿಬಿಡುತ್ತದೆ. ಅಲೆ ಎದ್ದ ಕಡಲಲ್ಲಿ ಅರ್ಧ ಗಂಟೆ ಓಡಿಸಿದರೆ ಸೊಂಟ ಮಾತಾಡಲು ಶುರುಮಾಡುತ್ತದೆ. ಉದ್ದವಾದದ್ದು ಒಂದಲ್ಲ ಎರಡು ಅಲೆಗಳ ಮೇಲೆ ಒಟ್ಟಿಗೆ ಕೂರುವುದರಿಂದ ಕುಲುಕಾಟ ಕಡಿಮೆ, ಸುಸ್ತು ಕಡಿಮೆ. ಅಗಲ ಹೆಚ್ಚಾದಷ್ಟೂ ನೀರಿಗೆ ಬಿದ್ದವರು ಹಿಂದಿನಿಂದ ಹತ್ತುವಾಗ ಅದು ಪಕ್ಕಕ್ಕೆ ಮಗುಚುವ ಭಯ ಕಡಿಮೆ. ನೀರಿನ ಮೇಲೆ ಜಾರುವವರನ್ನು ಹಗ್ಗ ಕಟ್ಟಿ ಎಳೆಯಬೇಕೆಂದರೆ ಮೂರು ಆಸನದ್ದೇ ಬೇಕು: ಓಡಿಸುವವರು ಒಬ್ಬರು, ಹಿಂದಕ್ಕೆ ಮುಖ ಮಾಡಿ ಗಮನಿಸುವವರು ಒಬ್ಬರು, ಎಳೆಸಿಕೊಳ್ಳುವವರಿಗೆ ಖಾಲಿ ಆಸನ ಒಂದು. ಗಾತ್ರ ಯಾವುದಾದರೂ ಪಂಪಿನ ಬಾಯಿ ದೋಣಿಯ ತಳದಲ್ಲೇ ಇರುತ್ತದೆ. ತಳದ ಕೆಳಗೆ 90 ಸೆಂಟಿಮೀಟರ್ ನೀರು ಇಲ್ಲದೆ ಚಾಲೂ ಮಾಡಬಾರದೆಂದು ಕೆಲವು ತಯಾರಕರು ಹೇಳುವುದು ಇದಕ್ಕೇ. ಕಡಿಮೆ ನೀರಿನಲ್ಲಿ ಅದು ಮರಳು, ಕಲ್ಲು, ಜೊಂಡು ಎಲ್ಲವನ್ನೂ ಎಳೆದುಕೊಳ್ಳುತ್ತದೆ. ಅಂತರಗಂಗೆ ಹಬ್ಬಿದ ನಮ್ಮ ಕೆರೆಗಳಲ್ಲಿ ಕಾನೂನು ಬಿಟ್ಟರೂ ಬೇರು ಬಿಡುವುದಿಲ್ಲ.

ಈಗ ಬೇಸ್‌ಮೆಂಟಿಗೆ ಇಳಿಯಬೇಕು. ಅಪಾರ್ಟ್‌ಮೆಂಟಿನ ಒಂದು ಕಾರು ಜಾಗ ಸಾಮಾನ್ಯವಾಗಿ ಎರಡೂವರೆ ಮೀಟರ್ ಅಗಲ, ಐದರಿಂದ ಐದೂವರೆ ಮೀಟರ್ ಉದ್ದ. ಕಾಗದದ ಮೇಲೆ ದೊಡ್ಡ ಜೆಟ್‌ಸ್ಕೀ ತಿನ್ನುವುದು ನಾಲ್ಕೂವರೆ ಚದರ ಮೀಟರ್. ಜಾಗದ ಮೂರನೇ ಒಂದು ಪಾಲು. ಆದರೆ ಅದನ್ನು ಗೋಡೆಗೆ ಒತ್ತಿ ನಿಲ್ಲಿಸಿದರೂ ಪಕ್ಕದಲ್ಲಿ ಉಳಿಯುವ ಅಗಲ 1.23 ಮೀಟರ್. ಸಣ್ಣ ಕಾರೂ ಒಂದೂವರೆ ಮೀಟರಿನ ಆಸುಪಾಸಿನ ಅಗಲದ್ದು, ಬಾಗಿಲು ತೆರೆಯುವ ಜಾಗ ಬೇರೆ. ಅಂದರೆ ಮೂರನೇ ಒಂದು ಪಾಲಿನ ಹೆಸರಿನಲ್ಲಿ ಪೂರ್ತಿ ಜಾಗ ಹೋಯಿತು. ಮಿಕ್ಕದ್ದರಲ್ಲಿ ಎರಡು ಸ್ಕೂಟರ್ ನಿಲ್ಲಿಸಬಹುದು ಅಷ್ಟೆ. ಟ್ರೇಲರ್ ಸಮೇತ ತಂದರೆ ಮೂತಿಯ ಕೊಂಡಿ ಸೇರಿ ಉದ್ದ ನಾಲ್ಕೂವರೆ ಮೀಟರ್ ಮುಟ್ಟುತ್ತದೆ. ನಿಲ್ಲಿಸಿದಮೇಲೆ ಹೇಗೋ ಗೆರೆಯೊಳಗೆ ಕೂತೀತು. ಅಲ್ಲಿಗೆ ತರುವುದು ಹೇಗೆಂಬುದೇ ಪ್ರಶ್ನೆ. ಕಾರು, ಟ್ರೇಲರ್ ಕೂಡಿ ಎಂಟೊಂಬತ್ತು ಮೀಟರ್ ಆಗುತ್ತದೆ; ಕಂಬಗಳ ನಡುವೆ ಒಂದೇ ಕಾರು ತಿರುಗುವಂತೆ ಕಟ್ಟಿದ ದಾರಿಯಲ್ಲಿ ಅದು ತಿರುಗುವುದಿಲ್ಲ.

ಹಾಗಾದರೆ ಕೈಗಾಡಿಯ ಮೇಲೆ ತಳ್ಳಿಕೊಂಡು ಹೋದರಾಯಿತು ಎನ್ನುವವರಿದ್ದಾರೆ. ಎಂಟಕ್ಕೆ ಒಂದರ ಏರಿನ ರ‍್ಯಾಂಪಿನಲ್ಲಿ 350 ಕಿಲೋದ ಯಂತ್ರ ಹಿಂದಕ್ಕೆ ಜಾರದಂತೆ ಹಿಡಿಯಲು 44 ಕಿಲೋ ಭಾರವನ್ನು ಸದಾ ಎತ್ತಿ ಹಿಡಿದಷ್ಟು ಬಲ ಬೇಕು. ಮೇಲಕ್ಕೆ ತಳ್ಳಲು ಇನ್ನೂ ಹೆಚ್ಚು. ಅದಕ್ಕೆ ಮೂವರು ಗಟ್ಟಿಗರು ಬೇಕು. ಒಬ್ಬರ ಕಾಲು ಜಾರಿದರೆ ಕೆಳಗೆ ನಿಂತಿರುವುದು ನೆರೆಮನೆಯವರ ಕಾರು. ಸೆಕ್ಯುರಿಟಿಯವರನ್ನು ಕರೆದು ತಳ್ಳಿಸುವ ವಾಡಿಕೆಯಂತೂ ಬೇಡವೇ ಬೇಡ. ಅವರ ಕೆಲಸ ಅದಲ್ಲ, ಪೆಟ್ಟಾದರೆ ಹೊಣೆ ಸಂಘದ್ದು. ಒಂದರ ಮೇಲೊಂದು ಕಾರು ಎತ್ತಿಡುವ ಯಾಂತ್ರಿಕ ಪಾರ್ಕಿಂಗ್ ಇರುವಲ್ಲಿ ತೂಕದ ತೊಂದರೆಯಿಲ್ಲ, ಗಾಲಿಯ ತೊಂದರೆ: ಕಾರಿನ ಚಕ್ರಕ್ಕೆಂದು ಮಾಡಿದ ಹಲಗೆಯ ಉಬ್ಬುತಗ್ಗಿನಲ್ಲಿ ಕೈಗಾಡಿಯ ಪುಟ್ಟ ಗಾಲಿ ಸಿಕ್ಕಿಕೊಳ್ಳುತ್ತದೆ.

ಗಾತ್ರದ ಜೊತೆಗೆ ಟ್ಯಾಂಕೂ ಬೆಳೆಯುತ್ತದೆ. ಸ್ಪಾರ್ಕಿನದು ಮೂವತ್ತು ಲೀಟರ್. ಎಫ್‌ಎಕ್ಸಿನದು ಎಪ್ಪತ್ತು, ಅಂದರೆ ಸಾಮಾನ್ಯ ಹ್ಯಾಚ್‌ಬ್ಯಾಕ್ ಕಾರಿನದಕ್ಕಿಂತ ಹೆಚ್ಚೂಕಡಿಮೆ ಎರಡು ಪಟ್ಟು. ಕಾರು ದಿನಾ ಓಡಾಡುತ್ತದೆ, ಅದರ ಸೋರಿಕೆ ಒಡೆಯರ ಕಣ್ಣಿಗೆ ಬೀಳುತ್ತದೆ. ಹೊದಿಕೆ ಹೊದ್ದು ನಾಲ್ಕು ತಿಂಗಳು ಮಲಗಿದ ಯಂತ್ರದ ಪೈಪು ಬಿರುಕು ಬಿಟ್ಟರೆ ಹೇಳುವವರಿಲ್ಲ. ಪೆಟ್ರೋಲಿನ ಆವಿ ಗಾಳಿಗಿಂತ ಭಾರ, ಅದು ಬೇಸ್‌ಮೆಂಟಿನ ನೆಲಕ್ಕೇ ಕವಿಯುತ್ತದೆ. ಇನ್ನು ಕಡಲಲ್ಲಿ ಓಡಿಸಿ ತಂದದ್ದರ ಒಳಗಿನ ಉಪ್ಪನ್ನು ಸಿಹಿನೀರಿನಿಂದ ತೊಳೆಯದಿದ್ದರೆ ಲೋಹ ತಿಂದುಹೋಗುತ್ತದೆ. ನಲ್ಲಿಗೆ ಪೈಪು ಜೋಡಿಸಿ, ಮೊದಲು ಎಂಜಿನ್ ಚಾಲೂ ಮಾಡಿ ಆಮೇಲೆ ನೀರು ಬಿಡಬೇಕು. ನಿಲ್ಲಿಸುವಾಗ ಮೊದಲು ನೀರು, ಆಮೇಲೆ ಎಂಜಿನ್. ಬೇಸ್‌ಮೆಂಟಿನಲ್ಲಿ ಇದನ್ನು ಮಾಡಿದರೆ ಹೊಗೆ, ಸದ್ದು, ಕೆಸರು ಮೂರೂ ಒಟ್ಟಿಗೆ. 2024ರ ಮಾರ್ಚಿನಲ್ಲಿ ಕುಡಿಯುವ ನೀರಿನಿಂದ ವಾಹನ ತೊಳೆದರೆ ಐದು ಸಾವಿರ ರೂಪಾಯಿ ದಂಡವೆಂದು ಜಲಮಂಡಳಿ ಆದೇಶಿಸಿದ್ದನ್ನು ಟ್ಯಾಂಕರಿಗೆ ಸಾಲು ನಿಂತವರು ಮರೆತಿರಲಾರರು. ಜೆಟ್‌ಸ್ಕೀಯ ಜಾಗ ಕರಾವಳಿಯ ದಡದಲ್ಲೇ, ಬಾಡಿಗೆ ಶೆಡ್ಡಿನಲ್ಲಿ, ಹೆಬ್ಬಾಳದ ಬೇಸ್‌ಮೆಂಟಿನಲ್ಲಲ್ಲ. ಇದರಲ್ಲಿ ರಾಜಿಗೆ ಹೆಚ್ಚು ಎಡೆಯಿಲ್ಲ. ಎಂಜಿನ್ ಇರುವ ದೋಣಿ ನದಿ, ಹಿನ್ನೀರುಗಳಿಗೆ ಇಳಿಯುವಾಗ 2021ರ ಒಳನಾಡು ಹಡಗುಗಳ ಕಾಯ್ದೆಯ ನೋಂದಣಿ, ತಪಾಸಣೆಗಳ ವ್ಯಾಪ್ತಿಗೆ ಬರುತ್ತದೆಂಬುದನ್ನೂ ಕೊಳ್ಳುವವರು ಮೊದಲೇ ತಿಳಿದಿರಬೇಕು.

ಕಯಾಕಿನ ಕಥೆ ಬೇರೆ. ಇದು ಒಬ್ಬರು ಹೊರಬಹುದಾದ ವಸ್ತು. ಇಲ್ಲಿ ತೊಡಕು ತೂಕದ್ದಲ್ಲ, ಉದ್ದದ್ದು. ಮೇಲೆ ಕೂತು ನಡೆಸುವ ಸಾಮಾನ್ಯ ಪ್ಲಾಸ್ಟಿಕ್ ಕಯಾಕ್ ಮೂರು ಮೀಟರಿನ ಆಸುಪಾಸು ಉದ್ದ, 75ರಿಂದ 85 ಸೆಂಟಿಮೀಟರ್ ಅಗಲ, 20ರಿಂದ 30 ಕಿಲೋ ತೂಕ. ಕಡಲಲ್ಲಿ ದೂರ ಹೋಗುವ ಕಯಾಕ್ ಐದು ಮೀಟರ್ ಉದ್ದ, ಅಗಲ 55ರಿಂದ 60 ಸೆಂಟಿಮೀಟರ್ ಅಷ್ಟೇ. ಉದ್ದಕ್ಕೂ ವೇಗಕ್ಕೂ ನೇರ ನಂಟಿದೆ. ನೀರನ್ನು ಸೀಳುತ್ತ ಸಾಗುವ ದೋಣಿ ತಾನೇ ಎಬ್ಬಿಸಿದ ಅಲೆಯನ್ನು ಏರಲಾರದೆ ಒಂದು ವೇಗದಲ್ಲಿ ತಡೆಯುತ್ತದೆ. ನೀರಿಗೆ ತಾಗಿದ ಉದ್ದವನ್ನು ಮೀಟರಿನಲ್ಲಿ ಅಳೆದು, ವರ್ಗಮೂಲ ತೆಗೆದು, ನಾಲ್ಕೂವರೆಯಿಂದ ಗುಣಿಸಿದರೆ ಆ ವೇಗ ಗಂಟೆಗೆ ಕಿಲೋಮೀಟರಿನಲ್ಲಿ ಸಿಗುತ್ತದೆ. ಮೂರು ಮೀಟರಿನದಕ್ಕೆ ಸುಮಾರು 7.8, ಐದು ಮೀಟರಿನದಕ್ಕೆ ಹತ್ತು. ತೋಳಿನ ಬಲ ಎಷ್ಟಿದ್ದರೂ ಅದನ್ನು ಮೀರುವುದು ಕಷ್ಟ. ಅಗಲ ಕೊಡುವುದು ಸ್ಥಿರತೆ, ಅದೂ ಧಾರಾಳವಾಗಿ: ಪಕ್ಕಕ್ಕೆ ವಾಲದಂತೆ ತಡೆಯುವ ಗುಣ ಅಗಲದ ಘನಕ್ಕೆ ತಕ್ಕಂತೆ ಏರುವುದರಿಂದ 60 ಸೆಂಟಿಮೀಟರನ್ನು 75 ಮಾಡಿದರೆ ಅದು ಹೆಚ್ಚುಕಡಿಮೆ ಎರಡು ಪಟ್ಟಾಗುತ್ತದೆ. ಅಗಲದ ದೋಣಿಗೆ ಉದ್ದದ ಹುಟ್ಟು ಬೇಕು, 230 ಸೆಂಟಿಮೀಟರ್ ಅಥವಾ ಅದಕ್ಕೂ ಹೆಚ್ಚು. ಅದು ನಡುವೆ ಬಿಚ್ಚಿ ಎರಡಾಗುತ್ತದೆ, ಲಿಫ್ಟಿನಲ್ಲಿ ಹೋಗುತ್ತದೆ. ಮೂಲ್ಕಿಯಲ್ಲಿ 2024ರ ಮಾರ್ಚಿನಲ್ಲಿ ನಡೆದ ಇಂಡಿಯಾ ಪ್ಯಾಡಲ್ ಫೆಸ್ಟಿವಲ್‌ನಂಥ ಪಂದ್ಯಗಳಲ್ಲಿ ಬಳಸುವ ರೇಸಿನ ಪ್ಯಾಡಲ್ ಬೋರ್ಡಿಗೂ ಇದೇ ಉದ್ದದ ತೊಡಕು, ಅದು 14 ಅಡಿಯದು. ಮೂಲ್ಕಿಯ ತೆರೆದ ದಡದಲ್ಲಿ ಅದನ್ನು ಇಡುವುದು ಸಲೀಸು. ಸಹಕಾರನಗರದ ನಾಲ್ಕನೇ ಮಹಡಿಗೆ ಹತ್ತಿಸಲು ಆಗದು.

ಲಿಫ್ಟಿನ ಲೆಕ್ಕ ಯಾರೂ ಹಾಕುವುದಿಲ್ಲ. ಎಂಟು ಜನರ, 544 ಕಿಲೋದ ಲಿಫ್ಟಿನ ಒಳಗೆ ಸಾಮಾನ್ಯವಾಗಿ 1.3 ಮೀಟರ್ ಅಗಲ, 1.1 ಮೀಟರ್ ಆಳ. ಕೆಳಮೂಲೆಯಿಂದ ಎದುರಿನ ಮೇಲ್ಮೂಲೆಗೆ ದಾರ ಎಳೆದರೂ 2.8 ಮೀಟರ್ ದಾಟುವುದಿಲ್ಲ, ಕಯಾಕು ದಾರವೂ ಅಲ್ಲ. ಹದಿಮೂರು ಜನರ ದೊಡ್ಡ ಲಿಫ್ಟಿನಲ್ಲಿ ಅದೇ ದಾರ 3.1 ಮೀಟರ್ ಆಗುತ್ತದೆ. ಮುಕ್ಕಾಲು ಮೀಟರ್ ಅಗಲದ ದೋಣಿ ಓರೆಯಾಗಿ ನಿಂತಾಗ ಮೂಲೆಗಳು ತಾಗಿ ಅರ್ಧ ಮೀಟರಾದರೂ ಕಳೆಯುತ್ತದೆ. ಎರಡು ಮೀಟರ್ ಎತ್ತರದ ಬಾಗಿಲಿನಲ್ಲಿ ಅದನ್ನು ಬಗ್ಗಿಸಿ ತೂರಿಸುವ ಕಸರತ್ತು ಬೇರೆ. ಉಳಿದದ್ದು ಮೆಟ್ಟಿಲು. ಅರ್ಧಕ್ಕೆ ತಿರುಗುವ ಮೆಟ್ಟಿಲಿನ ನಡುಚೌಕದಲ್ಲಿ ಮೂರು ಮೀಟರಿನದು ರೇಲಿಂಗಿನ ಮೇಲಿಂದ ಎತ್ತಿ ಹಾಯಿಸಿದರೆ ಮಾತ್ರ ತಿರುಗುತ್ತದೆ. ಗೋಡೆಯ ಬಣ್ಣಕ್ಕೆ ಗೀರು ತಪ್ಪಿದ್ದಲ್ಲ.

ಗಟ್ಟಿ ಕಯಾಕು ಕೆಳಗೇ ಉಳಿಯಬೇಕು. ಅಲ್ಲಿಗೆ ಬರುವ ದಾರಿ ಕಾರಿನ ತಲೆಯ ಮೇಲೆ. ಒಂದೂವರೆ ಮೀಟರ್ ಎತ್ತರದ ಹ್ಯಾಚ್‌ಬ್ಯಾಕಿನ ಮೇಲೆ ಕ್ಯಾರಿಯರ್ ಹತ್ತು ಹನ್ನೆರಡು ಸೆಂಟಿಮೀಟರ್, ಅದರ ಮೇಲೆ ಚಪ್ಪಟೆಯಾಗಿ ಮಲಗಿದ ಕಯಾಕ್ ಇನ್ನೊಂದು 35–40. ಒಟ್ಟು ಎರಡು ಮೀಟರ್. ಹೊರೆ ಅಷ್ಟೇ ಇದ್ದು ಕಾರು ಮಾತ್ರ 1.7 ಮೀಟರಿನ ಎಸ್‌ಯುವಿ ಆದರೆ 2.2 ಮೀಟರ್. ಜಾಗ ಉಳಿಸಲೆಂದು ಕಯಾಕನ್ನು ಪಕ್ಕಕ್ಕೆ ಎಬ್ಬಿಸಿ ಕಟ್ಟುವ ಕೊಕ್ಕೆ ಸಿಗುತ್ತದೆ. ಎಸ್‌ಯುವಿಗೆ ಅದನ್ನು ಹಾಕಿದರೆ ಎತ್ತರ ಎರಡೂವರೆ ಮೀಟರ್ ದಾಟುತ್ತದೆ. ಬೇಸ್‌ಮೆಂಟಿನ ಚಾವಣಿ ಎರಡೂವರೆ ಮೀಟರ್ ಇದೆಯೆಂದು ಬಿಲ್ಡರ್ ಹೇಳಿದ್ದು ನಿಜವಿರಬಹುದು. ಆದರೆ ತೊಲೆಯ ಕೆಳಗೆ ಅದು ಅಷ್ಟಿರುವುದಿಲ್ಲ, ತೊಲೆಯ ಕೆಳಗೆ ಹಾದ ಸ್ಪ್ರಿಂಕ್ಲರ್ ಪೈಪಿನ ಕೆಳಗೆ ಇನ್ನೂ ಕಡಿಮೆ. ರ‍್ಯಾಂಪು ಮುಗಿದು ನೆಲ ಸಮವಾಗುವ ತಿರುವಿನಲ್ಲಿ ಕಾರಿನ ಮೂತಿ ಸಮವಾಗಿ ಹಿಂಭಾಗ ಇನ್ನೂ ಇಳಿಜಾರಿನಲ್ಲೇ ಇರುವಾಗ, ಕಾರಿನಿಂದ ಹಿಂದಕ್ಕೆ ಚಾಚಿದ ಕಯಾಕಿನ ಬಾಲ ಒಂದು ಗೇಣು ಮೇಲೇಳುತ್ತದೆ. ಪೈಪಿಗೆ ತಾಗುವುದು ಆ ಗೇಣು. ಸ್ಪ್ರಿಂಕ್ಲರಿನ ಗಾಜಿನ ಬುರುಡೆ ಒಡೆದರೆ ನೀರು ನಿಲ್ಲಿಸಲು ಪಂಪ್‌ಹೌಸಿನವರೆಗೆ ಓಡಬೇಕು, ಅಷ್ಟರಲ್ಲಿ ಹತ್ತು ಕಾರುಗಳ ಸ್ನಾನ ಮುಗಿದಿರುತ್ತದೆ.

ಒಳಗೆ ತಂದಮೇಲೆ ಕಯಾಕಿಗೆ ಹೆಚ್ಚು ಜಾಗ ಬೇಡ. ಅಂಚಿನ ಮೇಲೆ ನಿಲ್ಲಿಸಿ ಗೋಡೆಗೆ ಎರಡು ಅಗಲ ಪಟ್ಟಿ ಹಾಕಿ ತೂಗಿದರೆ ಅದು ಮುಂದಕ್ಕೆ ಚಾಚುವುದು 40 ಸೆಂಟಿಮೀಟರ್. ಕಾರಿನ ಬಾನೆಟ್ಟಿನ ಮೇಲಿನ ಖಾಲಿ ಗೋಡೆ ಅದಕ್ಕೆ ಹೇಳಿಮಾಡಿಸಿದ್ದು. ತಳವನ್ನು ನೆಲಕ್ಕೂರಿ ತಿಂಗಳುಗಟ್ಟಲೆ ಬಿಟ್ಟರೆ ಪ್ಲಾಸ್ಟಿಕ್ ತನ್ನ ಭಾರಕ್ಕೇ ತಗ್ಗು ಬೀಳುತ್ತದೆ. ಟೆರೇಸಿನ ಬಿಸಿಲಿನಲ್ಲಿ ಬೇಗ, ಬಣ್ಣವೂ ಹೋಗಿ ಪೆಡಸಾಗುತ್ತದೆ. ಆರ್.ಟಿ. ನಗರದ, ಯಲಹಂಕ ಉಪನಗರದ ಸ್ವತಂತ್ರ ಮನೆಗಳಿಗೆ ಈ ವಿಷಯದಲ್ಲಿ ಅಪಾರ್ಟ್‌ಮೆಂಟಿಗಿಲ್ಲದ ಒಂದು ಅನುಕೂಲವಿದೆ. ಮೂವತ್ತು–ನಲವತ್ತರ ನಿವೇಶನದಲ್ಲಿ ಮನೆಗೂ ಕಾಂಪೌಂಡಿಗೂ ನಡುವೆ ಬಿಟ್ಟ ಮೀಟರ್ ಅಗಲದ ಓಣಿಯಲ್ಲಿ, ಸಜ್ಜದ ಕೆಳಗೆ, ಅಂಚಿನ ಮೇಲೆ ತೂಗಿದ ಕಯಾಕಿನ ಪಕ್ಕ ಒಬ್ಬರು ನಡೆದುಹೋಗುವಷ್ಟು ಜಾಗ ಉಳಿಯುತ್ತದೆ. ಗ್ಯಾಸಿನವನು ಸಿಲಿಂಡರ್ ಹೊತ್ತು ಹೋಗಬೇಕಾದ ದಾರಿ ಅದೇ ಆಗಿದ್ದರೆ ಮಾತ್ರ ಎರಡು ಸಲ ಯೋಚಿಸಬೇಕು.

ಮಡಚಿದರೆ ಚಿಕ್ಕದಾಗುವ ದೋಣಿ ಈ ತಂಟೆಯನ್ನೆಲ್ಲ ಒಂದೇಟಿಗೆ ಕಡಿಮೆ ಮಾಡುತ್ತದೆ. ಉಪಾಯ ಹೊಸದೇನಲ್ಲ, ಜರ್ಮನಿಯ ಕ್ಲೆಪ್ಪರ್ ಮಡಚುವ ಕಯಾಕು ಮಾಡತೊಡಗಿದ್ದು 1907ರಲ್ಲಿ, ರೈಲಿನಲ್ಲಿ ಒಯ್ಯಲು ಅನುಕೂಲವೆಂದೇ ಅದು ಜನಪ್ರಿಯವಾಯಿತು. ಈಗಿನ ಗಾಳಿ ತುಂಬುವ ಪ್ಯಾಡಲ್ ಬೋರ್ಡ್ ನೀರಿನಲ್ಲಿ 3.2 ಮೀಟರ್ ಉದ್ದ, 80 ಸೆಂಟಿಮೀಟರ್ ಅಗಲ, 15 ಸೆಂಟಿಮೀಟರ್ ದಪ್ಪ. ಸುತ್ತಿದರೆ ಸೊಂಟದೆತ್ತರದ ಒಂದು ಬೆನ್ನುಚೀಲ, ತೂಕ ಹತ್ತು ಕಿಲೋದ ಆಚೀಚೆ. ಒಳಗೆ ಎರಡು ಪದರಗಳನ್ನು ಸಾವಿರಾರು ನೂಲುಗಳಿಂದ ಹೊಲಿದಿರುವುದರಿಂದ 15 ಪಿಎಸ್‌ಐ ಗಾಳಿ ತುಂಬಿದಾಗ ಅದು ಬಲೂನಿನಂತೆ ಉಬ್ಬದೆ ಹಲಗೆಯಂತೆ ಸೆಟೆಯುತ್ತದೆ. ಗಟ್ಟಿ ಹಲಗೆಯಷ್ಟು ಚುರುಕಲ್ಲ, ಎದುರುಗಾಳಿಯಲ್ಲಿ ಹಗುರವಾಗಿ ತೇಲಿಹೋಗುತ್ತದೆ, ಕೈಪಂಪು ಹೊಡೆದು ಹೊಡೆದು ನೀರಿಗಿಳಿಯುವ ಮೊದಲೇ ಬೆವರಿಳಿಯುತ್ತದೆ. ಆದರೆ ಲಿಫ್ಟಿನಲ್ಲಿ ಹೋಗುತ್ತದೆ, ಬೀರುವಿನ ಮೇಲೆ ಕೂರುತ್ತದೆ. ರೈಲಿನ ಬೋಗಿಯೊಳಗೆ 100 ಸೆಂಟಿಮೀಟರ್ ಉದ್ದ, 60 ಅಗಲ, 25 ಎತ್ತರದವರೆಗಿನ ಪೆಟ್ಟಿಗೆ ಒಯ್ಯಲು ಅವಕಾಶವಿದೆ. ಎಸಿ ಚೇರ್‌ಕಾರ್ ಮತ್ತು ಎಸಿ ಮೂರನೇ ದರ್ಜೆಯಲ್ಲಿ ಮಿತಿ ಇನ್ನೂ ಚಿಕ್ಕದು. ಯಶವಂತಪುರದಲ್ಲಿ ಕರಾವಳಿಯ ರೈಲು ಹತ್ತುವವರಿಗೆ ಟ್ರೇಲರೂ ಬೇಡ, ಶಿರಾಡಿ ಘಾಟಿಯ ಗಾಳಿಯಲ್ಲಿ ಕಾರಿನ ಮೇಲಿನ ಹಗ್ಗ ಸಡಿಲವಾಯಿತೇ ಎಂಬ ಆತಂಕವೂ ಬೇಡ. ಚೀಲವನ್ನು ಅಳೆಯುವಾಗ ಪಂಪು, ಹುಟ್ಟು, ಲೈಫ್ ಜಾಕೆಟ್ ಎಲ್ಲವನ್ನೂ ತುಂಬಿಯೇ ಅಳೆಯಬೇಕು. ಅಂಗಡಿಯವರು ಹೇಳುವ ಅಳತೆ ಹೆಚ್ಚಾಗಿ ಖಾಲಿ ಹಲಗೆಯದು. ಮನೆಯಲ್ಲಿ ಇದರ ಶತ್ರುಗಳು ಎರಡು: ಒದ್ದೆಯಲ್ಲೇ ಸುತ್ತಿಟ್ಟಾಗ ಹಿಡಿಯುವ ಬೂಷ್ಟು, ಮತ್ತು ಬೇಸ್‌ಮೆಂಟಿನ ಇಲಿ.

ಹರಗೋಲಿನ ಅಳತೆ ಇವೆಲ್ಲಕ್ಕಿಂತ ಬೇರೆ ಲೆಕ್ಕದ್ದು. ಅದಕ್ಕೆ ಉದ್ದ, ಅಗಲ ಎಂದು ಎರಡಿಲ್ಲ, ವ್ಯಾಸ ಒಂದೇ. 1520ರ ಸುಮಾರಿಗೆ ವಿಜಯನಗರಕ್ಕೆ ಬಂದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್ ಆನೆಗೊಂದಿಯ ಹೊಳೆಯಲ್ಲಿ ಬುಟ್ಟಿಯಂಥ, ಹೊರಗೆ ಚರ್ಮ ಹೊದಿಸಿದ ದುಂಡು ದೋಣಿಗಳನ್ನು ಕಂಡು, ಅವು ಹದಿನೈದು ಇಪ್ಪತ್ತು ಜನರನ್ನು ಹೊರುತ್ತವೆಂದೂ ನೇರ ಹೋಗದೆ ತಿರುಗುತ್ತಲೇ ಇರುತ್ತವೆಂದೂ ಬರೆದಿಟ್ಟ. ಅಷ್ಟು ಜನ ಹಿಡಿಸುವುದು ದೊಡ್ಡದು. ಜಕ್ಕೂರು ಕೆರೆಯಲ್ಲಿ ಬೆಳಗ್ಗೆ ಬಲೆ ಎಳೆಯುವವರದು ಒಬ್ಬಿಬ್ಬರ ಚಿಕ್ಕ ಹರಗೋಲು. ಚರ್ಮದ ಬದಲು ಪ್ಲಾಸ್ಟಿಕ್ ಹಾಳೆಯೋ ಫೈಬರೋ ಬಂದಿದೆ, ಆಕಾರ ಬದಲಾಗಿಲ್ಲ. ಅದೇ ಪರಿಧಿಗೆ ಅತಿ ಹೆಚ್ಚು ಜಾಗ ಕೊಡುವುದು ವೃತ್ತ. ಬಿದಿರು, ಹೊದಿಕೆ ಎರಡೂ ಉಳಿತಾಯ. ತಳ ಅಗಲವಾದ್ದರಿಂದ ಮೊಣಕಾಲುದ್ದದ ನೀರಿನಲ್ಲೂ ತೇಲುತ್ತದೆ, ಬಲೆ ಎಳೆಯಲು ಒಂದು ಮಗ್ಗುಲಿಗೆ ಬಾಗಿದರೂ ತಡೆಯುತ್ತದೆ. ವೇಗ ಬೇಕಿಲ್ಲದ ಕೆಲಸಕ್ಕೆ ಉದ್ದವೂ ಬೇಕಿಲ್ಲ. ಕೆಲಸ ಮುಗಿದಮೇಲೆ ಬೋರಲು ಹಾಕಿ ತಲೆಯ ಮೇಲೆ ಹೊತ್ತು ಏರಿ ಹತ್ತಿಸಿ, ಮರದ ಬುಡದಲ್ಲಿ ಒಂದರ ಮೇಲೊಂದು ಕವುಚಿಡುತ್ತಾರೆ. ಐದು ಹರಗೋಲಿಗೆ ಬೇಕಾದ ನೆಲ ಒಂದರದ್ದೇ. ಬಳಕೆ, ಸಾಗಣೆ, ಇಡುವಿಕೆ ಮೂರಕ್ಕೂ ಒಂದೇ ಅಳತೆ ಇಷ್ಟು ಚೆನ್ನಾಗಿ ಹೊಂದಿದ ಇನ್ನೊಂದು ದೋಣಿ ಸಿಗುವುದು ಕಷ್ಟ.

ಉತ್ತರ ಬೆಂಗಳೂರಿನ ಅಪಾರ್ಟ್‌ಮೆಂಟಿಗೆ ದೋಣಿ ನಿಜಕ್ಕೂ ಅಗತ್ಯಕ್ಕೆ ಬಂದದ್ದು ವಿಹಾರಕ್ಕಲ್ಲ. 2021ರ ನವೆಂಬರಿನಲ್ಲಿ ಯಲಹಂಕ ಕೆರೆ ತುಂಬಿ ಹರಿದು ಪಕ್ಕದ ಕೇಂದ್ರೀಯ ವಿಹಾರ ಅಪಾರ್ಟ್‌ಮೆಂಟಿಗೆ ನೀರು ನುಗ್ಗಿತು. 2024ರ ಅಕ್ಟೋಬರಿನಲ್ಲಿ ಅದೇ ಮರುಕಳಿಸಿತು. ಎರಡು ಸಲವೂ ನಿವಾಸಿಗಳನ್ನು ರಕ್ಷಣಾ ಪಡೆಯವರು ದೋಣಿಗಳಲ್ಲಿ ಹೊರತರಬೇಕಾಯಿತು. ಪ್ರವಾಹದಲ್ಲಿ ಹೆಚ್ಚಾಗಿ ಬಳಸುವ ಗಾಳಿ ತುಂಬಿದ ರಬ್ಬರ್ ದೋಣಿ ನಾಲ್ಕರಿಂದ ಐದು ಮೀಟರ್ ಉದ್ದ, ಎರಡು ಮೀಟರಿನ ಹತ್ತಿರ ಅಗಲ. ಅಂಥ ದೋಣಿ ಮುಖ್ಯ ಗೇಟಿನಲ್ಲಿ ನುಸುಳುತ್ತದೆ. ಆದರೆ ಬ್ಲಾಕುಗಳ ನಡುವೆ ಸಾಲಾಗಿ ನಿಂತ ಕಾರುಗಳು ಮುಳುಗಿದಾಗ ಬಾಕಿ ಉಳಿಯುವ ದಾರಿ ಎಷ್ಟೆಂಬುದು ದೋಣಿ ಮೆಟ್ಟಿಲಿನ ಬುಡ ತಲುಪುತ್ತದೋ, ವಯಸ್ಸಾದವರು ನೀರಿನಲ್ಲಿ ನಡೆದು ದೋಣಿ ತಲುಪಬೇಕೋ ಎಂಬುದನ್ನು ತೀರ್ಮಾನಿಸುತ್ತದೆ. ಇಂಥ ದೋಣಿಗೆ ಬೇಕಾದ ನೀರಿನ ಆಳ ಒಂದು ಮೊಳವೂ ಇಲ್ಲ. ಹಿಂದೆ ಮೋಟಾರು ಕಟ್ಟಿದರೆ ಅದರ ಪ್ರೊಪೆಲ್ಲರ್ ಕೆಳಗಿಳಿಯುವುದರಿಂದ ಇನ್ನಷ್ಟು ಬೇಕು, ಕಾಣದ ಡಿವೈಡರಿಗೆ ತಾಗುವ ಭಯವೂ ಉಂಟು. ಹಾಗಾಗಿ ಗಲ್ಲಿಗಳಲ್ಲಿ ಹುಟ್ಟು, ಹಗ್ಗಗಳೇ ಗತಿ. ಈ ಅನುಭವದ ನಂತರ ಸಂಘವೇ ಒಂದು ದೋಣಿ ಕೊಂಡಿಡಬೇಕೆಂಬ ಮಾತು ತಗ್ಗಿನ ಬಡಾವಣೆಗಳಲ್ಲಿ ಏಳುವುದು ಸಹಜ. ಕೊಳ್ಳುವುದಾದರೆ ಅದು ಬೇಸ್‌ಮೆಂಟಿನಲ್ಲಿ ಇರಬಾರದು. ನೀರು ಮೊದಲು ತುಂಬುವುದೇ ಅಲ್ಲಿ.

ಸಂಘಗಳ ಮುಂದಿರುವ ಕೆಲಸ ದೊಡ್ಡದಲ್ಲ. ಅಪಾರ್ಟ್‌ಮೆಂಟುಗಳ ಬೈಲಾಗಳಲ್ಲಿ ಪಾರ್ಕಿಂಗ್ ಜಾಗ ವಾಹನಕ್ಕೆ ಮಾತ್ರ ಎಂಬ ಸಾಲು ಸಾಮಾನ್ಯ. ಆ ಸಾಲನ್ನು ಹಿಡಿದು ಒಂದು ಸಂಘ ಗೋಡೆಗೆ ತೂಗಿದ ಇಪ್ಪತ್ತು ಕಿಲೋದ ಕಯಾಕನ್ನೂ ತೆಗೆಸಬಹುದು, ಇನ್ನೊಂದು ಸಂಘ ಎಪ್ಪತ್ತು ಲೀಟರ್ ಪೆಟ್ರೋಲಿನ ಜೆಟ್‌ಸ್ಕೀಯನ್ನು ವಾಹನವೆಂದೇ ಒಪ್ಪಿಬಿಡಬಹುದು. ಎರಡೂ ತಪ್ಪು. ದೋಣಿ ಬೇಕು, ಬೇಡ ಎಂಬ ಜಗಳಕ್ಕಿಂತ ಅಳತೆಯ ನಿಯಮ ಮೇಲು. ಎಂಜಿನ್, ಇಂಧನ ಇರುವುದು ಬೇಸ್‌ಮೆಂಟಿಗೆ ಬೇಡ. ಹುಟ್ಟಿನದು ಮಾಲೀಕರ ಸ್ವಂತ ಜಾಗದ ಗೆರೆಯೊಳಗೆ, ಗೋಡೆಯಿಂದ ಅರ್ಧ ಮೀಟರ್ ಮೀರದಂತೆ, ಅಗ್ನಿಶಾಮಕ ಪೈಪು ಮತ್ತು ಹೊರಹೋಗುವ ದಾರಿ ಬಿಟ್ಟು ಇರಬಹುದು. ಮಡಚುವಂಥದ್ದು ಮನೆಯೊಳಗಿನ ಮಾತು, ಸಂಘ ತಲೆಹಾಕಬೇಕಾಗಿಲ್ಲ.

ಮುಂದಿನ ಸರ್ವಸದಸ್ಯರ ಸಭೆಗೆ ಮೊದಲು ಒಬ್ಬ ಪದಾಧಿಕಾರಿ ಟೇಪು ಹಿಡಿದು ರ‍್ಯಾಂಪಿನ ತಿರುವಿನಲ್ಲಿ ಅತಿ ತಗ್ಗಿನ ಪೈಪಿನ ಎತ್ತರ, ಕಾರು ಜಾಗದ ಉದ್ದ ಅಗಲ, ಲಿಫ್ಟಿನ ಒಳ ಅಳತೆ, ಬ್ಲಾಕುಗಳ ನಡುವಿನ ಕಿರಿದಾದ ದಾರಿ ಇವಿಷ್ಟನ್ನು ಅಳೆದು ನೋಟಿಸ್ ಬೋರ್ಡಿನಲ್ಲಿ ಹಾಕಲಿ. ಪೈಪಿನ ಎತ್ತರವನ್ನು ರ‍್ಯಾಂಪಿನ ಬಾಯಲ್ಲೇ ಹಳದಿ ಬಣ್ಣದಲ್ಲಿ ದೊಡ್ಡದಾಗಿ ಬರೆಸಲಿ.